ಒಂದೇ ಹೆಸರಿನ ಎರಡು ಕಾಯ್ದೆಗಳು ಮತ್ತು ನನ್ನ ಏಳನೆಯ ಪ್ರಶ್ನೆ

ಒಂದೇ ಹೆಸರಿನವರು ಇಬ್ಬರಿದ್ದರೆ ಅವರಲ್ಲಿ ಒಬ್ಬರಿಗೆ ಅನ್ಯಾಯವಾಗಿಯೇ ತೀರುತ್ತದೆ ಎಂಬುದು ನನ್ನ ಅನುಭವ. ತರಗತಿಯಲ್ಲಿ ಇಬ್ಬರು ಮಂಜುನಾಥರಿದ್ದರೆ ಒಬ್ಬ ಮಾಡಿದ ಗಲಾಟೆಗೆ ಇನ್ನೊಬ್ಬ ಬೆಂಚಿನ ಮೇಲೆ ನಿಲ್ಲುತ್ತಾನೆ. ಆಫೀಸಿನಲ್ಲಿ ಇಬ್ಬರು ಸುನೀತಾ ಇದ್ದರೆ ಒಬ್ಬಳಿಗೆ ಬಡ್ತಿ ಬಂದಾಗ ಇನ್ನೊಬ್ಬಳು ಪೇಡೆ ಹಂಚಿಬಿಟ್ಟು, ಆಮೇಲೆ ವಾಪಸು ಕೇಳಲಾಗದೆ ಒದ್ದಾಡುತ್ತಾಳೆ. ಈ ಅನ್ಯಾಯವನ್ನು ಚಿಕ್ಕಂದಿನಿಂದ ಉಂಡವನು ನಾನು. ಉಂಡವನೇ ಅದನ್ನು ಇನ್ನೊಬ್ಬರಿಗೆ ಬಡಿಸಿದೆ ಎಂಬುದನ್ನು ಒಪ್ಪಿಕೊಳ್ಳಲು ಈಗ ಕುಳಿತಿದ್ದೇನೆ. ಪ್ರಸಂಗ ನಡೆದು ಎಂಟು ತಿಂಗಳಾಯಿತು. ಆದ್ದರಿಂದ ನಿಧಾನವಾಗಿ, ಕಂಡದ್ದನ್ನು ಕಂಡಷ್ಟೇ, ನಡೆದದ್ದನ್ನು ನಡೆದ ಕ್ರಮದಲ್ಲೇ ಹೇಳುತ್ತೇನೆ. ಅವಸರ ಮಾಡಿದ್ದರಿಂದಲೇ ಇಷ್ಟೆಲ್ಲ ಆದದ್ದು.

ನಾನು ಅಮೆರಿಕದ ಪಶ್ಚಿಮ ಕರಾವಳಿಯಲ್ಲಿ, ಮಧ್ಯಮ ಗಾತ್ರದ ಒಂದು ಬ್ಯಾಂಕಿನ ಎಮರಿವಿಲ್ ಆಫೀಸಿನಲ್ಲಿ ಕೆಲಸ ಮಾಡುತ್ತೇನೆ. ಅದೇ ಕಡೆಯ ಡಬ್ಲಿನ್ ಎಂಬ ಊರಿನಲ್ಲಿರುವ ನಮ್ಮ ಮನೆಯಿಂದ ಅಲ್ಲಿಗೆ ಎರಡು ರೈಲು, ಒಂದು ಷಟಲ್ ಬಸ್ಸು. ಬ್ಯಾಂಕು ಎಂದ ಕೂಡಲೇ ಜನ ನಾನು ನೋಟು ಎಣಿಸುತ್ತೇನೆ ಎಂದುಕೊಳ್ಳುತ್ತಾರೆ. ಇಷ್ಟು ವರ್ಷಗಳಲ್ಲಿ ಬ್ಯಾಂಕಿನ ಒಂದು ನೋಟನ್ನೂ ನಾನು ಮುಟ್ಟಿಲ್ಲ. ನನ್ನ ಕೆಲಸ ನೌಕರರಿಗೆ ವರ್ಷಕ್ಕೊಮ್ಮೆ ಕಡ್ಡಾಯವಾಗಿ ಕೊಡುವ ಟ್ರೈನಿಂಗಿನ ಸ್ಲೈಡುಗಳನ್ನು ಬರೆಯುವುದು. ಸ್ಲೈಡುಗಳು ಮುಗಿದ ಮೇಲೆ ಹತ್ತು ಪ್ರಶ್ನೆಗಳಿರುತ್ತವೆ. ಹತ್ತಕ್ಕೆ ಹತ್ತೂ ಸರಿಯಾಗಬೇಕು. ಮೂರು ಅವಕಾಶ. ಇಡೀ ಬ್ಯಾಂಕಿನಲ್ಲಿ ಎಲ್ಲರೂ ತೆರೆಯುವ, ಆದರೆ ಯಾರೂ ಓದದ ಸಾಹಿತ್ಯವೇನಾದರೂ ಇದ್ದರೆ ಅದು ನಾನು ಬರೆದದ್ದು. ನಮ್ಮ ಆಫೀಸಿನ ಹತ್ತಿರವೇ ಕಾರ್ಟೂನ್ ಸಿನಿಮಾ ತಯಾರಿಸುವವರಿದ್ದಾರೆ. ಒಂದು ಅಳಿಲಿನ ಬಾಲ ಗಾಳಿಗೆ ಹೇಗೆ ಅಲುಗಬೇಕು ಎಂದು ಅವರು ತಿಂಗಳುಗಟ್ಟಲೆ ತಲೆ ಕೆಡಿಸಿಕೊಳ್ಳುತ್ತಾರಂತೆ. ಅಮೆರಿಕದ ಬ್ಯಾಂಕಿಂಗ್ ಕಾಯ್ದೆಗಳ ಇತಿಹಾಸವನ್ನು ನಾನು ಊಟ ಮತ್ತು ಮೂರು ಗಂಟೆಯ ಮೀಟಿಂಗಿನ ನಡುವೆ ಮುಗಿಸಿದೆ.

ಇತಿಹಾಸ ಏಕೆ ಬೇಕಾಯಿತು ಎಂದರೆ, ಕೆಲವು ವರ್ಷಗಳ ಹಿಂದೆ ನಮ್ಮ ಕೊಲ್ಲಿ ಪ್ರದೇಶದ ಬ್ಯಾಂಕೊಂದು ಎರಡೇ ದಿನದಲ್ಲಿ ಮುಗಿದುಹೋಯಿತು. ಅಂದಿನಿಂದ ಗ್ರಾಹಕರು ಕೌಂಟರಿಗೆ ಬಂದು 'ನಮ್ಮ ದುಡ್ಡು ಭದ್ರವೇ?' ಎಂದು ಕೇಳತೊಡಗಿದರು. ಹೌದು ಎನ್ನಬೇಕು, ಏಕೆ ಹೌದು ಎಂದೂ ಗೊತ್ತಿರಬೇಕು ಎಂದು ಮೇಲಿನವರಿಗೆ ಅನ್ನಿಸಿತು. ಹಾಗಾಗಿ 1930ರ ದಶಕದ ಮಹಾ ಕುಸಿತದ ಕಾಲದ ಕಾಯ್ದೆಗಳ ಮೇಲೆ ಒಂದು ಸ್ಲೈಡು ಬಂತು. ಇಲ್ಲಿ ಓದುಗರು ಒಂದು ನಿಮಿಷ ತಾಳ್ಮೆ ತಂದುಕೊಳ್ಳಬೇಕು. ಗ್ಲಾಸ್-ಸ್ಟೀಗಲ್ ಎಂಬ ಹೆಸರಿನ ಕಾಯ್ದೆ ಒಂದಲ್ಲ, ಎರಡು. ಒಂದು 1932ರದ್ದು. ಸರಕಾರಿ ಸಾಲಪತ್ರಗಳನ್ನು ನೋಟಿಗೆ ಆಧಾರವಾಗಿ ಇಟ್ಟುಕೊಳ್ಳಲು, ಸಂಕಟದಲ್ಲಿದ್ದ ಬ್ಯಾಂಕುಗಳಿಗೆ ಸ್ವಲ್ಪ ಸಡಿಲವಾಗಿ ಸಾಲ ಕೊಡಲು ಅದು ಕೇಂದ್ರ ಬ್ಯಾಂಕಿಗೆ ಅನುಮತಿ ಕೊಟ್ಟಿತು. ಇನ್ನೊಂದು 1933ರದ್ದು. ಜನರ ಠೇವಣಿ ಇಟ್ಟುಕೊಳ್ಳುವ ಬ್ಯಾಂಕುಗಳನ್ನು ಷೇರು ವ್ಯವಹಾರದವರಿಂದ ಬೇರೆ ಮಾಡಿದ್ದು, ಠೇವಣಿಗೆ ವಿಮೆ ತಂದದ್ದು ಇದು. ಇದಕ್ಕೆ 1933ರ ಬ್ಯಾಂಕಿಂಗ್ ಕಾಯ್ದೆ ಎಂಬ ಸ್ವಂತ ಹೆಸರಿದೆ. ಆದರೆ ಎರಡನ್ನೂ ಮಂಡಿಸಿದವರು ಅದೇ ಇಬ್ಬರು ಮಹನೀಯರಾದ್ದರಿಂದ ಜನ ಎರಡನ್ನೂ ಅವರ ಹೆಸರಿನಿಂದಲೇ ಕರೆಯುತ್ತಾರೆ. ಇದು ಸಾಲದೆಂಬಂತೆ 1933ರಲ್ಲೇ ತುರ್ತು ಬ್ಯಾಂಕಿಂಗ್ ಕಾಯ್ದೆ ಎಂದು ಮತ್ತೊಂದಿದೆ, 1935ರಲ್ಲಿ ಮತ್ತೆ ಬ್ಯಾಂಕಿಂಗ್ ಕಾಯ್ದೆ ಎಂದು ಮಗದೊಂದಿದೆ. ಆ ಕಾಲದಲ್ಲಿ ಅವರಿಗೆ ದುಡ್ಡಿಗೆ ಮಾತ್ರವಲ್ಲ, ಹೆಸರಿಗೂ ಬರಗಾಲವಿತ್ತೆಂದು ಕಾಣುತ್ತದೆ.

ನನಗಿಂತ ಮೊದಲು ಈ ಕೆಲಸದಲ್ಲಿದ್ದವರು ಬಿಟ್ಟುಹೋದ ಪಟ್ಟಿಯಲ್ಲಿ ಈ ಎರಡೂ ಸಾಲುಗಳು ಒಂದರ ಕೆಳಗೊಂದು ಸರಿಯಾಗಿಯೇ ಇದ್ದವು. ನಾನು ನೋಡಿದೆ. ಅದೇ ಹೆಸರು, ಅದೇ ಇಬ್ಬರು, ವರ್ಷ ಮಾತ್ರ ಒಂದು ಹೆಚ್ಚು. ಒಂದು ವರ್ಷ ಮಂಡಿಸಿರುತ್ತಾರೆ, ಮರುವರ್ಷ ಪಾಸಾಗಿರುತ್ತದೆ, ಯಾರೋ ಎರಡು ಸಲ ಬರೆದಿದ್ದಾರೆ ಎಂದುಕೊಂಡೆ. ಎರಡನ್ನೂ ಸೇರಿಸಿ ಒಂದು ಮಾಡಿದೆ. ಯಾವ ವರ್ಷ ಇಡುವುದು ಎಂಬ ಪ್ರಶ್ನೆ ಬಂದಾಗ ನನ್ನ ಕೈ ಯೋಚಿಸಲೇ ಇಲ್ಲ. ಕಿರಿಯದನ್ನು ಅಳಿಸಿತು. ಹಿರಿಯದನ್ನು ಉಳಿಸಿತು.

ಕೈಗೆ ಆ ಅಭ್ಯಾಸ ಬಂದದ್ದು ಧಾರವಾಡದ ಮಾಳಮಡ್ಡಿಯಲ್ಲಿ. ನಮ್ಮಲ್ಲಿ ಅಜ್ಜನ ಹೆಸರನ್ನು ಮೊಮ್ಮಗನಿಗೆ ಇಡುತ್ತಾರೆ. ಅಜ್ಜ ಗುರುರಾಜ. ದೊಡ್ಡಪ್ಪನ ಮಗ ಗುರುರಾಜ. ನಾನೂ ಗುರುರಾಜ. ಮಾವನ ಹೆಸರನ್ನು ಬಾಯಲ್ಲಿ ಹೇಳಬಾರದೆಂದು ನನ್ನ ಅವ್ವ ನನ್ನನ್ನು ಇವತ್ತಿನವರೆಗೂ ಆ ಹೆಸರಿನಿಂದ ಕರೆದಿಲ್ಲ, ತಮ್ಮಾ ಎನ್ನುತ್ತಾಳೆ. ಮನೆಯಲ್ಲಿ ಇದರಿಂದ ತೊಂದರೆಯಿರಲಿಲ್ಲ. ತೊಂದರೆ ಪೋಸ್ಟಿನಿಂದ ಬರುತ್ತಿತ್ತು. ಗುರುರಾಜ ಎಂದು ಬಂದದ್ದೆಲ್ಲ ಅಜ್ಜನದು. ಏಳನೆಯ ಇಯತ್ತೆಯಲ್ಲಿ ನನಗೊಬ್ಬ ಪತ್ರಮಿತ್ರನಿದ್ದ, ಕಾರವಾರದ ಕಡೆಯ ಹುಡುಗ. ಕ್ರಿಕೆಟ್ಟಿನ ಬಗ್ಗೆ ಬರೆಯುತ್ತಿದ್ದ. ಅಜ್ಜ ಆ ಕಾಗದಗಳನ್ನು ಒಡೆದು, ಓದಿ, ಉತ್ತರವನ್ನೂ ತಾನೇ ಬರೆದು ಹಾಕುತ್ತಿದ್ದನೆಂಬುದು ಒಂದು ವರ್ಷದ ಮೇಲೆ ಗೊತ್ತಾಯಿತು. 'ನೀನು ಹೇಳಿದಂತೆ ಬೆಳಿಗ್ಗೆ ಎದ್ದು ಬಿಸಿನೀರು ಕುಡಿಯುತ್ತಿದ್ದೇನೆ, ಹೊಟ್ಟೆ ಹಗುರಾಗಿದೆ' ಎಂದು ಆ ಹುಡುಗ ಬರೆದದ್ದನ್ನು ನಾನೇ ಕಣ್ಣಾರೆ ಕಂಡೆ. ನಾನು ತಕರಾರು ತೆಗೆದರೆ ಮನೆಯವರೆಲ್ಲ ನನಗೇ ಬುದ್ಧಿ ಹೇಳಿದರು. ಹಿರಿಯರು ಇರುವಾಗ ಅದೇ ಹೆಸರಿನ ಕಿರಿಯನಿಗೆ ಬೇರೆ ಕಾಗದ ಎಲ್ಲಿಂದ ಬರುತ್ತದೆ? ಆ ನ್ಯಾಯವನ್ನು ನಾನು ಒಂಬತ್ತು ಸಾವಿರ ಮೈಲಿ ಹೊತ್ತು ತಂದು ಅಮೆರಿಕದ ಶಾಸನಸಭೆಯ ಮೇಲೆ ಹೇರಿದೆ. ಏಳನೆಯ ಪ್ರಶ್ನೆ ಹೀಗೆ ಹುಟ್ಟಿತು: 'ಬ್ಯಾಂಕುಗಳನ್ನು ಷೇರು ವ್ಯವಹಾರದಿಂದ ಬೇರ್ಪಡಿಸಿದ ಗ್ಲಾಸ್-ಸ್ಟೀಗಲ್ ಕಾಯ್ದೆ ಯಾವ ವರ್ಷದ್ದು?' ಉತ್ತರದ ಪಟ್ಟಿಯಲ್ಲಿ ನಾನು ಗುರುತು ಹಾಕಿದ್ದು 1932.

ಟ್ರೈನಿಂಗು ಹೊರಟು ಎರಡು ವಾರವಾದರೂ ಒಂದು ದೂರೂ ಬರಲಿಲ್ಲ. ನನ್ನ ಮೇಲಧಿಕಾರಿ ಬ್ರೆಂಡಾ ಮೆಚ್ಚಿಕೊಂಡಳು. ಮೂರನೆಯ ಭಾನುವಾರ ಮಧ್ಯಾಹ್ನ ಶಕುಂತಲಾ ಮೇಡಂ ನಮ್ಮ ಮನೆಗೆ ಬಂದರು. ಅವರು ಮೈಸೂರಿನವರು. ಅಲ್ಲಿ ಹನ್ನೊಂದು ವರ್ಷ ಪಿಯುಸಿಗೆ ಇತಿಹಾಸ ಪಾಠ ಮಾಡಿದವರು. ಗಂಡನ ಜೊತೆ ಇಲ್ಲಿಗೆ ಬಂದ ಮೇಲೆ ಕೆಲಸ ಮಾಡಲು ಬಿಡದ ವೀಸಾದ ಕಾರಣಕ್ಕೆ ಹದಿನಾಲ್ಕು ವರ್ಷ ಮನೆಯಲ್ಲೇ ಕುಳಿತರು. ಐವತ್ತನೆಯ ವಯಸ್ಸಿನಲ್ಲಿ ಸಿಕ್ಕ ಮೊದಲ ಕೆಲಸ ನಮ್ಮ ಬ್ಯಾಂಕಿನ ಡಬ್ಲಿನ್ ಶಾಖೆಯ ಕೌಂಟರಿನಲ್ಲಿ ಕೂರುವ ಟೆಲ್ಲರ್ ಕೆಲಸ. ಜಾಗ ಖಾಲಿಯಿದೆ ಎಂದು ಅವರಿಗೆ ಹೇಳಿದವನು ನಾನೇ. ಮೊದಲ ದಿನ ಎದೆಯ ಮೇಲೆ ಹೆಸರಿನ ಪಟ್ಟಿ ಹಾಕಿಕೊಂಡು ಬಂದು ನನ್ನ ಅವ್ವನಿಗೆ ನಮಸ್ಕಾರ ಮಾಡಿ ಹೋಗಿದ್ದರು. ಅವ್ವ ಮಾಡುವ ಜೋಳದ ರೊಟ್ಟಿ ಅವರಿಗೆ ಇಷ್ಟ. ಅವರ ಮಾತು ಅವ್ವನಿಗೆ ಇಷ್ಟ. ಅವತ್ತು ಮಾತ್ರ ರೊಟ್ಟಿ ತಟ್ಟೆಯಲ್ಲೇ ಆರುತ್ತಿತ್ತು.

"ಅಮ್ಮ, ನನ್ನ ಕೆಲಸ ಹೋಗೋ ಹಾಗಿದೆ," ಎಂದರು.

"ಯಾಕ್ರೀ ಶಕುಂತಲಾಬಾಯಿ, ಏನಾತು?" ಎಂದಳು ಅವ್ವ.

"ಏನಿಲ್ಲ, ಒಂದು ಕ್ವಿಜ್ಜು. ಹತ್ತಕ್ಕೆ ಒಂಬತ್ತು ಬರ್ತಿದೆ. ಎರಡು ಸಲ ಆಯ್ತು. ಅವರು 1932 ಅಂತಾರೆ, ನಾನು 1933 ಅಂತೀನಿ. ಶುಕ್ರವಾರದೊಳಗೆ ಮೂರನೇ ಸಲ ಕೊಡಬೇಕು. ಅದೂ ಹೋದ್ರೆ ಲಾಗಿನ್ ಬಂದ್ ಮಾಡ್ತಾರೆ, ಕೌಂಟರಲ್ಲಿ ಕೂರೋ ಹಾಗಿಲ್ಲ. ನಾನಿನ್ನೂ ಪ್ರೊಬೇಷನ್ನಲ್ಲಿದ್ದೀನಿ. ಇಷ್ಟೇ ಸಾಕು ಅವರಿಗೆ, ಥ್ಯಾಂಕ್ಯೂ ಅಂದು ಕಳಿಸಿಬಿಡ್ತಾರೆ."

ನನ್ನ ಹೆಂಡತಿ ವೀಣಾ ಬೆಂಗಳೂರಿನವಳು, ಸುತ್ತಿ ಬಳಸಿ ಮಾತಾಡುವವಳಲ್ಲ. "ಹಾಗಾದ್ರೆ 1932 ಒತ್ತಿಬಿಡಿ, ಮುಗೀತಲ್ಲ," ಎಂದಳು.

"ಅದನ್ನೇ ಮ್ಯಾನೇಜರೂ ಹೇಳಿದ್ರು. ಎಲ್ಲರೂ ಹಾಗೇ ಮಾಡಿದ್ದಾರೆ. ಆದ್ರೆ ವೀಣಾ, ಅದು ತಪ್ಪು. ಎರಡೂ ಬೇರೆ ಬೇರೆ ಕಾಯ್ದೆ. ನಮ್ಮಲ್ಲಿ ಒಂದೇ ಹೆಸರಿನ ರಾಜ ಮತ್ತೆ ಬಂದ್ರೆ ಇಮ್ಮಡಿ, ಮುಮ್ಮಡಿ, ನಾಲ್ವಡಿ ಅಂತ ಲೆಕ್ಕ ಇಟ್ಟಿಲ್ವಾ? ಇಮ್ಮಡಿ ಮಾಡಿದ ಯುದ್ಧಾನ ಒಂದನೆಯವನ ಹೆಸರಿಗೆ ಬರೆದ ಹುಡುಗರಿಗೆ ನಾನು ಸೊನ್ನೆ ಹಾಕಿದ್ದೀನಿ. ಈಗ ನಾನೇ ಗೊತ್ತಿದ್ದೂ ಗೊತ್ತಿದ್ದೂ ತಪ್ಪು ಒತ್ತಲಾ?" ಆಮೇಲೆ ನನ್ನ ಕಡೆ ತಿರುಗಿದರು. "ಗುರುರಾಜ್, ನೀವು ಹೆಡ್ಡಾಫೀಸಲ್ಲಿದ್ದೀರಲ್ಲ. ಈ ಪ್ರಶ್ನೆ ಬರೆದ ಮಹಾನುಭಾವ ಯಾರು ಅಂತ ಸ್ವಲ್ಪ ವಿಚಾರಿಸಿ."

"ವಿಚಾರಿಸ್ತೀನಿ ಮೇಡಂ," ಎಂದೆ. ವಿಚಾರಿಸಲು ಹೋಗಬೇಕಾದ ದೂರ ಹೆಚ್ಚೇನಿರಲಿಲ್ಲ. ನಿಯಮಪಾಲನೆ ನೋಡಿಕೊಳ್ಳುವ ವಿಭಾಗಕ್ಕೆ ಕಂಪ್ಲಯನ್ಸ್ ಎನ್ನುತ್ತಾರೆ; ನಾನು ಕಂಪ್ಲಯನ್ಸಿನಲ್ಲಿದ್ದೇನೆ ಎಂದು ಎಲ್ಲರಿಗೂ ಹೇಳುತ್ತೇನೆ. ಆ ಪದ ಕೇಳಿದ ಮೇಲೆ ಯಾರೂ ಮುಂದಿನ ಪ್ರಶ್ನೆ ಕೇಳುವುದಿಲ್ಲ. ಹಾಗಾಗಿ ಸ್ಲೈಡು ಬರೆಯುವವನು ನಾನೇ ಎಂಬುದು ಅವರಿಗೆ ಗೊತ್ತಿರಲಿಲ್ಲ. ಇಷ್ಟಕ್ಕೇ ಸುಮ್ಮನಿದ್ದರೂ ಆಗುತ್ತಿತ್ತು. ನಾನು ಇನ್ನೂ ಒಂದು ಮಾತು ಸೇರಿಸಿದೆ. "ಆದರೂ ಮೇಡಂ, ಈ ಸಲ 1932 ಒತ್ತಿಬಿಡೋದೇ ಒಳ್ಳೇದು." ಪ್ರಶ್ನೆ ಬರೆದವರು ಉತ್ತರವನ್ನು ನೌಕರರಿಗೆ ಹೇಳಕೂಡದೆಂದು ನಮ್ಮಲ್ಲಿ ಕಟ್ಟುನಿಟ್ಟಾದ ನಿಯಮವಿದೆ. ಆ ನಿಯಮದ ಸ್ಲೈಡನ್ನು ಬರೆದವನೂ ನಾನೇ.

ಅವರು ಹೋದ ಮೇಲೆ ಕಂಪ್ಯೂಟರಿನ ಮುಂದೆ ಕುಳಿತು ಹುಡುಕಿದೆ. ಐದು ನಿಮಿಷದ ಕೆಲಸ. ಎರಡು ಕಾಯ್ದೆಗಳೂ ಬೇರೆ ಬೇರೆ ದಿನಾಂಕ ಹೊತ್ತು, ಬೇರೆ ಬೇರೆ ಕೆಲಸ ಮಾಡಿಕೊಂಡು, ತೊಂಬತ್ತು ವರ್ಷಗಳಿಂದ ತಮ್ಮ ಪಾಡಿಗೆ ತಾವು ಇದ್ದವು. ನಂಬದೆ, ಹನ್ನೊಂದನೆಯ ತರಗತಿಯಲ್ಲಿರುವ ಮಗಳು ಅನಘಾಳ ಬಳಿ ಅಮೆರಿಕದ ಇತಿಹಾಸದ ಪುಸ್ತಕ ಕೇಳಿದೆ. ಅವಳು ಪುಸ್ತಕ ಕೊಡಲಿಲ್ಲ. ತಲೆಯೆತ್ತದೆಯೇ, "ಟು ಡಿಫರೆಂಟ್ ಆ್ಯಕ್ಟ್ಸ್, ಅಪ್ಪಾ. ಎವ್ರಿಬಡಿ ಮಿಕ್ಸಸ್ ದೆಮ್ ಅಪ್," ಎಂದಳು. ಎಲ್ಲರೂ ಗೊಂದಲ ಮಾಡಿಕೊಳ್ಳುತ್ತಾರೆ ಎಂಬ ಮಾತಿನಿಂದ ಸ್ವಲ್ಪ ಸಮಾಧಾನವಾಯಿತು. ಆದರೆ ಎಲ್ಲರೂ ಗೊಂದಲ ಮಾಡಿಕೊಂಡು ಅದನ್ನು ಪರೀಕ್ಷೆಯ ಉತ್ತರವಾಗಿ ಇಡೀ ಬ್ಯಾಂಕಿಗೆ ಕಳಿಸುವುದಿಲ್ಲ ಎಂಬುದೂ ಹೊಳೆಯಿತು.

ಅಡುಗೆಮನೆಗೆ ಬಂದರೆ ಅವ್ವ ರೊಟ್ಟಿಯ ಹಂಚು ತೊಳೆಯುತ್ತಿದ್ದಳು. "ತಮ್ಮಾ, ಆಕಿ ಬೈದದ್ದು ನಿನಗೇನು?" ಎಂದಳು.

"ನಿನಗ ಹ್ಯಾಂಗ ಗೊತ್ತಾತವ್ವಾ?"

"ಆಕಿ ಮಹಾನುಭಾವ ಅಂದ ಕೂಡಲೆ ರೊಟ್ಟಿ ಬಿಟ್ಟು ನೀರು ಕುಡದಿ. ಸಣ್ಣಾವಿದ್ದಾಗ ಕೊಬ್ಬರಿ ಕದ್ದ ಮ್ಯಾಲೂ ಹಂಗ ನೀರು ಕುಡೀತಿದ್ದಿ."

ನಾನು ಎರಡೂ ಕಾಯ್ದೆಗಳ ಕತೆಯನ್ನು ಅವಳಿಗೆ ಹೇಳಿದೆ. ನಿಜ ಹೇಳಬೇಕೆಂದರೆ ಆ ಕಾಯ್ದೆಗಳನ್ನು ನಾನು ಮೊದಲ ಸಲ ಸರಿಯಾಗಿ ಅರ್ಥ ಮಾಡಿಕೊಂಡದ್ದು ಹಂಚಿನ ಮುಂದೆ ನಿಂತು ಧಾರವಾಡದ ಕನ್ನಡದಲ್ಲಿ ಹೇಳಿದಾಗಲೇ. ಅವ್ವ ಎಲ್ಲ ಕೇಳಿ ಕೈ ಒರೆಸಿಕೊಂಡಳು. "ಅಜ್ಜ-ಮೊಮ್ಮಗಗ ಒಂದ ಹೆಸರು ಇಡೋದು ಗೊತ್ತದ. ಒಬ್ಬ ಹೋಗೂದ್ರೊಳಗ ಇನ್ನೊಬ್ಬ ಬರ್ತಾನ, ಹೆಸರು ಉಳೀತದ. ವರ್ಷೊಪ್ಪತ್ತಿನ ಅಂತರದಾಗ ಇಬ್ಬರು ಮಕ್ಕಳಿಗೂ ಒಂದ ಹೆಸರು ಇಟ್ಟಾರಲ್ಲ, ಇವರು ಎಂಥಾ ಮಂದಿಯೋ," ಎಂದಳು. ನನಗೆ ಅದು ಸಮರ್ಥನೆಯಂತೆ ಕೇಳಿಸಿತು. ತಪ್ಪು ಅವರದೇ ಅಲ್ಲವೇ ಎಂದೆ. "ಹೆಸರು ಇಟ್ಟದ್ದು ಅವರ ತಪ್ಪು. ಸಣ್ಣದನ್ನ ಅಳಿಸಿದ್ದು ನಿಂದು. ಆ ಬಾಯಿ ಹದಿನಾಲ್ಕು ವರ್ಷ ಮನ್ಯಾಗ ಕುಂತು ಈಗ ಹೊರಗ ಬಿದ್ದಾಳ. ನಾಳೆ ಹೋಗಿ ನಿಮ್ಮ ಸಾಹೇಬಗ ಹೇಳು."

ನಾಳೆ ಎಂದರೆ ಸೋಮವಾರ. ಸೋಮವಾರ ಬ್ರೆಂಡಾ ರಜೆಯಲ್ಲಿದ್ದಳು. ಮಂಗಳವಾರ ಆಕೆ ಬಂದಿದ್ದಳು, ನನಗೆ ಮೀಟಿಂಗುಗಳಿದ್ದವು. ಮೀಟಿಂಗುಗಳನ್ನು ಕರೆದವನು ನಾನೇ ಎಂಬುದನ್ನೂ ಇಲ್ಲಿ ದಾಖಲಿಸುತ್ತೇನೆ. ಹೆದರಿಕೆಗೆ ಕಾರಣವಿತ್ತು. ಪ್ರಶ್ನೆ ತಪ್ಪು ಎಂದು ಹೇಳಿದರೆ ಹೇಗೆ ಗೊತ್ತಾಯಿತು ಎಂದು ಕೇಳುತ್ತಾರೆ. ಶಕುಂತಲಾ ಮೇಡಂ ಹೆಸರು ಹೇಳಬೇಕಾಗುತ್ತದೆ. ಅವರೊಂದಿಗೆ ಏನು ಮಾತಾಡಿದೆ ಎಂದು ಕೇಳಿದರೆ, ಉತ್ತರ ಹೇಳಿಕೊಟ್ಟೆ ಎಂದು ಒಪ್ಪಿಕೊಳ್ಳಬೇಕಾಗುತ್ತದೆ. ಮೊದಲನೆಯದು ದಡ್ಡತನ, ಎರಡನೆಯದು ಶಿಸ್ತುಭಂಗ. ಮೊದಲನೆಯದಕ್ಕೆ ನಮ್ಮಲ್ಲಿ ಕೆಲಸ ಹೋಗುವುದಿಲ್ಲ. ಹೋಗುವುದಾಗಿದ್ದರೆ ಆಫೀಸಿನಲ್ಲಿ ದೀಪ ಹಾಕಲೂ ಜನ ಇರುತ್ತಿರಲಿಲ್ಲ. ಎರಡನೆಯದಕ್ಕೆ ಹೋಗುತ್ತದೆ.

ಬುಧವಾರ ಬೆಳಿಗ್ಗೆ ಬ್ರೆಂಡಾಳ ಕೋಣೆಗೆ ಹೋಗಿ ಎಲ್ಲವನ್ನೂ ಹೇಳಿಬಿಟ್ಟೆ. ಆಕೆ ಇಂಗ್ಲಿಷಿನಲ್ಲಿ ಹೇಳಿದ್ದನ್ನು ನನ್ನ ಕನ್ನಡದಲ್ಲಿ ಕೊಡುತ್ತಿದ್ದೇನೆ. ಮೊದಲು ಕಂಪ್ಯೂಟರ್ ನೋಡಿದಳು. "ಏಳನೆಯ ಪ್ರಶ್ನೆಯೇ? ಅದು ಈ ವರ್ಷದ ನಮ್ಮ ಅತ್ಯುತ್ತಮ ಪ್ರಶ್ನೆಯಲ್ಲವೇ? ಇಡೀ ಬ್ಯಾಂಕಿನಲ್ಲಿ ಫೇಲಾಗುತ್ತಿರುವವರು ಒಬ್ಬರೇ ಒಬ್ಬರು."

"ಆ ಒಬ್ಬರದೇ ಸರಿ," ಎಂದೆ.

"ಉಳಿದವರೆಲ್ಲ?"

"ಉಳಿದವರೆಲ್ಲ ನನ್ನ ಸ್ಲೈಡು ಓದಿದ್ದಾರೆ."

ಭಾನುವಾರದ ಮಾತನ್ನೂ ಹೇಳಿದೆ. ಆಕೆ ನಿಯಮದ ಪುಸ್ತಕ ತೆರೆದಳು. ಸರಿಯಾದ ಉತ್ತರವನ್ನು ಹೊರಗೆ ಹೇಳಿದರೆ ಏನು ಶಿಕ್ಷೆ ಎಂದಿತ್ತು. ಬ್ಯಾಂಕಿನ ಪ್ರಕಾರ ಸರಿಯಾದ, ಲೋಕದ ಪ್ರಕಾರ ತಪ್ಪಾದ ಉತ್ತರವನ್ನು ಹೇಳಿದರೆ ಏನೆಂದು ಇರಲಿಲ್ಲ. "ಆ ಹೆಂಗಸು ನೀವು ಹೇಳಿದ್ದನ್ನು ಬಳಸಿದ್ದರೆ ಮಾತ್ರ ಸೋರಿಕೆ ಎನ್ನಬಹುದು," ಎಂದಳು. ಅವರು ಬಳಸುವ ಪೈಕಿ ಅಲ್ಲ ಎಂದೆ. ತಿದ್ದುಪಡಿಗೆ ಒಂದು ಅರ್ಜಿ, ಅದಕ್ಕೆ ಕಾನೂನು ವಿಭಾಗದ ಒಪ್ಪಿಗೆ, ಎಲ್ಲ ಸೇರಿ ಮೂರು ವಾರ ಬೇಕು ಎಂದಳು. ಶುಕ್ರವಾರ ಎಂಬುದು ಮೂರು ವಾರಕ್ಕಿಂತ ಬಹಳ ಮೊದಲೇ ಬರುತ್ತದೆ ಎಂದು ವಿವರಿಸಿದೆ. ಎಚ್ಆರ್‌ಗೆ ಬರೆಯುತ್ತೇನೆ ಎಂದಳು.

ಅದೇ ಬುಧವಾರ ಮಧ್ಯಾಹ್ನ ಊಟದ ವಿರಾಮದಲ್ಲಿ ಶಕುಂತಲಾ ಮೇಡಂ ಮೂರನೆಯ ಸಲ ಪರೀಕ್ಷೆ ತೆಗೆದುಕೊಂಡರು. 1933 ಒತ್ತಿದರು. ಲಾಗಿನ್ ನಿಂತುಹೋಯಿತು. ಸಾಲಿನಲ್ಲಿ ನಾಲ್ವರು ಗ್ರಾಹಕರಿದ್ದರಂತೆ. ಎದೆಯ ಮೇಲಿನ ಹೆಸರಿನ ಪಟ್ಟಿ ತೆಗೆದು ಡ್ರಾಯರಿನಲ್ಲಿಟ್ಟು, ಕೈಚೀಲ ತೆಗೆದುಕೊಂಡು ಮನೆಗೆ ಹೋದರಂತೆ. ಇದನ್ನು ಅವರು ವೀಣಾಗೆ ಫೋನಿನಲ್ಲಿ ಹೇಳಿದ್ದು. ಅಳಲಿಲ್ಲವಂತೆ. ಅತ್ತಿದ್ದರೇ ವಾಸಿಯಿತ್ತು ಎಂದಳು ವೀಣಾ. ಪ್ರಶ್ನೆ ನನ್ನದೆಂದು ಅಷ್ಟರಲ್ಲಿ ಅವಳಿಗೂ ಗೊತ್ತಾಗಿತ್ತು. ಆಮೇಲೆ ಇಡೀ ಸಂಜೆ ನನ್ನೊಡನೆ ಅವಳು ಆಡಿದ ಮಾತು ಎರಡೇ. "ರೀ, ಊಟಕ್ಕೆ ಬನ್ನಿ" ಎಂಬುದು ಒಂದು. "ನೀವೇ ಹೋಗಿ ಅವರಿಗೆ ಹೇಳಿ" ಎಂಬುದು ಇನ್ನೊಂದು.

ಮರುದಿನ ಆಫೀಸಿನಿಂದ ನೇರ ಅವರ ಅಪಾರ್ಟ್‌ಮೆಂಟಿಗೆ ಹೋದೆ. ಅವರು ಹುರುಳಿಕಾಯಿ ನಾರು ತೆಗೆಯುತ್ತಿದ್ದರು. ನಿಂತುಕೊಂಡೇ ಹೇಳಿದೆ. "ಮೇಡಂ, ಆ ಪ್ರಶ್ನೆ ಬರೆದೋನು ನಾನೇ."

ಕೈ ನಿಂತಿತು. "ನೀವಾ?"

"ಹೌದು. ಬ್ರೆಂಡಾಗೆ ಹೇಳಿದ್ದೀನಿ. ನಾಳೆ ಎಚ್ಆರ್‌ನವರು ವಿಚಾರಣೆ ಇಟ್ಟಿದ್ದಾರೆ. ನಾನೂ ಬರ್ತೀನಿ."

ಬೈಯುತ್ತಾರೆ ಎಂದುಕೊಂಡಿದ್ದೆ. ಬೈಯಲಿಲ್ಲ. "ಭಾನುವಾರ ನಮ್ಮೆದುರಿಗೆ ಕೂತು ವಿಚಾರಿಸ್ತೀನಿ ಅಂದ್ರಲ್ಲ," ಎಂದರು ಅಷ್ಟೇ. ಆಮೇಲೆ ಹುರುಳಿಕಾಯಿಯ ತಟ್ಟೆ ಪಕ್ಕಕ್ಕಿಟ್ಟು, "ಕೂತ್ಕೊಳ್ಳಿ. ಎರಡಕ್ಕೂ ಏನು ವ್ಯತ್ಯಾಸ, ಹೇಳಿ," ಎಂದರು. ಹೇಳಿದೆ. ಮಧ್ಯದಲ್ಲಿ ಠೇವಣಿ ವಿಮೆಯನ್ನು 1932ಕ್ಕೆ ಸೇರಿಸಿಬಿಟ್ಟೆ. "ಮೊದಲಿಂದ," ಎಂದರು. ಐವತ್ತೆರಡು ವರ್ಷದ ನಾನು, ಡಬ್ಲಿನ್‌ನ ಎರಡನೆಯ ಮಹಡಿಯ ಅಡುಗೆಮನೆಯಲ್ಲಿ, ಪಾಠ ಒಪ್ಪಿಸುವ ಹುಡುಗನಂತೆ ಎರಡು ಕಾಯ್ದೆಗಳನ್ನು ಮೂರು ಸಲ ಹೇಳಿದೆ. ಮೂರನೆಯ ಸಲ ಸರಿಯಾಯಿತು. "ನಾಳೆ ಹೀಗೇ ಹೇಳಿ. ಗಾಬರಿಯಾದ್ರೆ ನಿಧಾನ ಮಾಡಿ, ಸುಮ್ಮನಾಗಬೇಡಿ," ಎಂದರು. ಕೆಲಸ ಹೋಗಲಿದ್ದದ್ದು ಅವರದು. ಧೈರ್ಯ ಹೇಳಿಸಿಕೊಂಡವನು ನಾನು.

ಶುಕ್ರವಾರದ ವಿಚಾರಣೆ ವಿಡಿಯೋ ಕರೆಯಲ್ಲಿ ನಡೆಯಿತು. ಎಚ್ಆರ್‌ನ ಅಧಿಕಾರಿ ಬಹಳ ವಿನಯದ ಮನುಷ್ಯ. ಕೆಲಸದಿಂದ ತೆಗೆಯುವವರು ಹಾಗೆಯೇ ಇರುತ್ತಾರೆ. ಮೊದಲು ನನ್ನನ್ನು ಕೇಳಿದ. ನಾನು ನಿಧಾನವಾಗಿ, ಒಂದೊಂದೇ ಇಸವಿ ಹಿಡಿದು, ಎರಡು ಕಾಯ್ದೆಗಳನ್ನೂ ಹೇಳಿದೆ. ಒಂದನ್ನು ಅಳಿಸಿದವನು ನಾನು ಎಂದೂ ಹೇಳಿದೆ. ಗಾಬರಿಯಾದಾಗ ನಿಧಾನ ಮಾಡಿದೆ. ಸುಮ್ಮನಾಗಲಿಲ್ಲ. ಅವನು ಬರೆದುಕೊಂಡು ಶಕುಂತಲಾ ಮೇಡಂ ಕಡೆ ತಿರುಗಿದ. ಬೇಕಾದ ಉತ್ತರ ಯಾವುದೆಂದು ನಿಮಗೆ ತಿಳಿದಿತ್ತಲ್ಲ, ಒತ್ತಿದ್ದರೆ ಪಾಸಾಗುತ್ತಿದ್ದಿರಿ, ಏಕೆ ಒತ್ತಲಿಲ್ಲ ಎಂದು ಕೇಳಿದ. ಅವರ ಇಂಗ್ಲಿಷಿನಲ್ಲಿ ಮೈಸೂರು ಇದ್ದೇ ಇದೆ. ಒಂದು ಪದವನ್ನೂ ಅವಸರಿಸದೆ ಹೇಳಿದರು: "ನನ್ನ ಕೌಂಟರಿಗೆ ಒಬ್ಬರು ಮುದುಕರು ಬರುತ್ತಾರೆ. ಪ್ರತಿ ಸಲವೂ ನನ್ನ ದುಡ್ಡು ಭದ್ರವೇ ಎಂದು ಕೇಳುತ್ತಾರೆ. ಹೌದು, ಇಂಥ ಕಾಯ್ದೆಯಿದೆ ಎಂದು ನಾನು ಹೇಳುತ್ತೇನೆ. ಅವರು ನನ್ನ ಮಾತು ನಂಬಿ ಮನೆಗೆ ಹೋಗುತ್ತಾರೆ. ಪಾಸಾಗುವುದಕ್ಕಾಗಿ ಗೊತ್ತಿದ್ದೂ ಸುಳ್ಳು ಒತ್ತಿದ ಮೇಲೆ ಅವರಿಗೆ ಏನು ಹೇಳಲಿ?" ಎಚ್ಆರ್‌ನವನು ಬರೆದುಕೊಳ್ಳುವುದನ್ನು ನಿಲ್ಲಿಸಿದ. ಬ್ರೆಂಡಾ ಕ್ಯಾಮೆರಾ ಆಫ್ ಮಾಡಿದಳು. ಏಕೆಂದು ನನಗೆ ತಿಳಿಯಲಿಲ್ಲ, ಕಂಡಷ್ಟನ್ನು ಹೇಳಿದ್ದೇನೆ.

ಸೋಮವಾರ ಅವರು ಕೌಂಟರಿನಲ್ಲಿದ್ದರು. ಅದೇ ದಿನ ಇಡೀ ಬ್ಯಾಂಕಿಗೆ ಒಂದು ಮೇಲ್ ಹೋಯಿತು. ಏಳನೆಯ ಪ್ರಶ್ನೆಯ ಉತ್ತರ ತಪ್ಪಾಗಿತ್ತೆಂದೂ, ಪಾಸಾದವರೆಲ್ಲರೂ ತಪ್ಪು ಉತ್ತರದಿಂದ ಪಾಸಾದ ಕಾರಣ ಮತ್ತೆ ಟ್ರೈನಿಂಗು ತೆಗೆದುಕೊಳ್ಳಬೇಕೆಂದೂ, ಫೇಲಾದ ಒಬ್ಬರಿಗೆ ಮಾತ್ರ ವಿನಾಯಿತಿಯೆಂದೂ ಅದರಲ್ಲಿತ್ತು. ಆಮೇಲೆ ಕೆಲವು ವಾರ ಲಿಫ್ಟಿನಲ್ಲಿ ಯಾರೂ ನನ್ನ ಜೊತೆ ಹತ್ತುತ್ತಿರಲಿಲ್ಲ. ನನಗೆ ಒಂದು ಎಚ್ಚರಿಕೆಯ ಪತ್ರ ಬಂತು. ಶಕುಂತಲಾ ಮೇಡಂಗೆ ಪ್ರೊಬೇಷನ್ ಮುಗಿಯಿತು. ಈಗ ಅವರು ವಾರಕ್ಕೊಂದು ದಿನ ಎಮರಿವಿಲ್‌ಗೆ ಬಂದು, ನಾನು ಬರೆದದ್ದೆಲ್ಲವನ್ನೂ ಹೊರಗೆ ಹೋಗುವ ಮೊದಲು ಓದುತ್ತಾರೆ. ಪೆನ್ಸಿಲಿನಲ್ಲಿ ತಿದ್ದುತ್ತಾರೆ, ಒತ್ತಿ ಬರೆಯುವುದಿಲ್ಲ. ಅದೊಂದು ಮರ್ಯಾದೆ ಎಂದುಕೊಂಡಿದ್ದೇನೆ.

ಅವರ ಹೆಸರು ಬರುವ ಬರಹವಾದ್ದರಿಂದ ಇದನ್ನೂ ಅವರಿಗೆ ಓದಲು ಕೊಟ್ಟೆ. ನಾಲ್ಕು ದಿನ ಇಟ್ಟುಕೊಂಡು ಮರಳಿಸಿದರು. ಕಾಯ್ದೆಗಳ ಭಾಗದಲ್ಲಿ ಒಂದು ಗುರುತೂ ಇರಲಿಲ್ಲ, ನನಗೆ ಹೆಮ್ಮೆಯಾಯಿತು. ಮುಂದೆ ಒಂದೇ ಒಂದು ಕಡೆ, 'ಬುಧವಾರ ಬೆಳಿಗ್ಗೆ ಬ್ರೆಂಡಾಳ ಕೋಣೆಗೆ ಹೋಗಿ ಎಲ್ಲವನ್ನೂ ಹೇಳಿಬಿಟ್ಟೆ' ಎಂಬಲ್ಲಿ, ಅಡಿಗೆರೆ ಎಳೆದು ಅಂಚಿನಲ್ಲಿ ಸಣ್ಣಕ್ಷರದಲ್ಲಿ ಬರೆದಿದ್ದರು: 'ಗುರುವಾರ. ನಾನು ಬುಧವಾರ ಫೇಲಾದೆ. ನೀವು ಹೇಳಿದ್ದು ಅದರ ಮರುದಿನ. ಎಚ್ಆರ್ ಕಾಗದದಲ್ಲಿ ದಿನಾಂಕವಿದೆ.'

ನಾನು ಹಳೆಯ ಮೇಲ್‌ಗಳನ್ನು ತೆಗೆದು ನೋಡಿದೆ. ಗುರುವಾರವೇ. ಬುಧವಾರ ಬೆಳಿಗ್ಗೆ ಬ್ರೆಂಡಾಳ ಬಾಗಿಲವರೆಗೆ ಹೋಗಿದ್ದು ನಿಜ. ಆಕೆ ಫೋನಿನಲ್ಲಿದ್ದಳು, ವಾಪಸು ಬಂದು ಕಾಫಿ ಕುಡಿದೆ. ಬಾಗಿಲವರೆಗೆ ಹೋದದ್ದು ಒಂದು ದಿನ, ಒಳಗೆ ಹೋಗಿ ಹೇಳಿದ್ದು ಇನ್ನೊಂದು ದಿನ. ಎಂಟು ತಿಂಗಳಿನಲ್ಲಿ ನಾನು ಅವೆರಡನ್ನೂ ಸೇರಿಸಿ ಒಂದು ಮಾಡಿಕೊಂಡಿದ್ದೆ, ಯಾರೋ ಎರಡು ಸಲ ಬರೆದಿದ್ದಾರೆ ಎಂಬಂತೆ.